ಪದವಿಯಿಲ್ಲದ ಪಂಡಿತ

ನಮ್ಮ ಮನೆತನದಲ್ಲಿ ಕಾಲೇಜಿನ ಮೆಟ್ಟಿಲು ಹತ್ತಿದವರಲ್ಲಿ ನಾನೇ ಮೊದಲಿಗ. ಕಳೆದ ರಜೆಯಲ್ಲಿ ಊರಿಗೆ ಹೋಗಿದ್ದಾಗ ಅವ್ವ ಅವರೆಕಾಯಿ ಸುಲಿಯುತ್ತ, "ಇಷ್ಟು ವರ್ಷ ಓದಿದೆಯಲ್ಲ ಮಗಾ, ಏನು ಓದಿದೆ ಅಂತ ನನಗೂ ಒಂದಿಷ್ಟು ಹೇಳು" ಎಂದಳು. ನಾನು 'ಸಾರ್ವಭೌಮತ್ವ' ಎಂದು ಆರಂಭಿಸಿ, ಎರಡನೆಯ ವಾಕ್ಯಕ್ಕೇ ತಡವರಿಸಿ, "ನಿನಗೆ ಅರ್ಥವಾಗುವುದಿಲ್ಲ ಬಿಡವ್ವ" ಎಂದು ಎದ್ದುಬಿಟ್ಟೆ. ಅರ್ಥವಾಗದೆ ಇದ್ದುದು ನಿಜವಾಗಿ ಯಾರಿಗೆ ಎಂಬ ಸಂಶಯ ಅಂದಿನಿಂದ ನನ್ನನ್ನು ಬಿಟ್ಟಿಲ್ಲ. ಇಂಡೋನೇಷ್ಯಾದ ಇತಿಹಾಸವನ್ನು ಓದುತ್ತಿದ್ದಾಗ ಹಮ್ಕಾ ಅವರ ಜೀವನ ನನ್ನ ಕಣ್ಣಿಗೆ ಬಿದ್ದುದು ಈ ಮನಃಸ್ಥಿತಿಯಲ್ಲಿ.

ಹಾಜಿ ಅಬ್ದುಲ್ ಮಲಿಕ್ ಕರೀಂ ಅಮ್ರುಲ್ಲಾ ಎಂಬ ಉದ್ದನೆಯ ಹೆಸರಿನ ಮೊದಲಕ್ಷರಗಳು ಸೇರಿ ಹಮ್ಕಾ ಆಯಿತು. 1908ರಲ್ಲಿ ಪಶ್ಚಿಮ ಸುಮಾತ್ರಾದ ಮನಿಂಜಾವ್ ಸರೋವರದ ಬಳಿ ಹುಟ್ಟಿದವರು. ತಂದೆ ಹೆಸರಾಂತ ಧರ್ಮಸುಧಾರಕ. ಆದರೆ ಮಗನಿಗೆ ಶಾಲೆ ಹಿಡಿಸಲಿಲ್ಲ. ಯಾವ ವಿಶ್ವವಿದ್ಯಾನಿಲಯದ ಪದವಿಯನ್ನೂ ಅವರು ಓದಿ ಪಡೆಯಲಿಲ್ಲ. ಪುಸ್ತಕಗಳನ್ನೇ ಗುರುವಾಗಿ ಮಾಡಿಕೊಂಡರು. 1927ರಲ್ಲಿ ಮೆಕ್ಕಾಕ್ಕೆ ಹೋಗಿ ಬಂದರು. ಅರಬ್ಬಿಯ ಮೂಲಕವೇ ಪಾಶ್ಚಾತ್ಯರ ವಿಚಾರಗಳನ್ನೂ ಓದಿಕೊಂಡರು. ಇಂಥವರಿಗೆ ಕೈರೋವಿನ ಅಲ್-ಅಜ್ಹರ್ 1959ರಲ್ಲಿ ಗೌರವ ಡಾಕ್ಟರೇಟ್ ನೀಡಿತು. ಹಾಜರಾತಿ ಕಡಿಮೆಯಾಯಿತೆಂದು ನಡುಗುವ ನಮ್ಮಂಥವರಿಗೆ ಇದು ಸ್ವಲ್ಪ ಸಮಾಧಾನದ ಸುದ್ದಿಯೇ ಸರಿ! (ಅಧ್ಯಾಪಕರು ಕ್ಷಮಿಸಬೇಕು.)

ಮೇಡಾನ್ ನಗರದಲ್ಲಿ ಪತ್ರಿಕೆಯೊಂದರ ಸಂಪಾದಕರಾಗಿದ್ದಾಗ, 1938ರ ಸುಮಾರಿಗೆ, ಅವರು ಕಾದಂಬರಿಗಳನ್ನು ಬರೆದರು. 'ವಾನ್ ಡರ್ ವೈಕ್ ಹಡಗಿನ ಮುಳುಗಡೆ' ಎಂಬ ಅರ್ಥದ ಹೆಸರಿನ ಕಾದಂಬರಿಯಲ್ಲಿ, ತಂದೆತಾಯಿಗಳು ಬೇರೆ ಬೇರೆ ಜನಾಂಗದವರೆಂಬ ಒಂದೇ ಕಾರಣಕ್ಕೆ ಒಬ್ಬ ತರುಣನಿಗೆ ಹೆಣ್ಣು ಕೊಡಲು ಬಂಧುಗಳು ಒಪ್ಪುವುದಿಲ್ಲ. ತಮ್ಮ ಮಿನಾಂಗ್‌ಕಬಾವು ಜನರ ಕುಲಾಚಾರವನ್ನೇ ಅವರು ಇಲ್ಲಿ ಪ್ರಶ್ನಿಸಿದರು. ಧರ್ಮ ಬೋಧಿಸುವವನು ಪ್ರೇಮಕಥೆ ಬರೆಯುವುದೆ ಎಂದು ಮೂಗು ಮುರಿದವರಿಗೇನೂ ಕೊರತೆಯಿರಲಿಲ್ಲ.

ನನ್ನ ಮನಸ್ಸನ್ನು ಹೆಚ್ಚಾಗಿ ಸೆಳೆದದ್ದು ಅವರ ಬಾನುಲಿ ಭಾಷಣಗಳು. ಜಕಾರ್ತದ ಅಲ್-ಅಜ್ಹರ್ ಮಸೀದಿಯಲ್ಲಿ ಮುಂಜಾನೆಯ ನಮಾಜು ಮುಗಿದ ಮೇಲೆ ಅವರು ಕುರ್‌ಆನ್ ವಚನಗಳ ಅರ್ಥವನ್ನು ಜನರಿಗೆ ಬಿಡಿಸಿ ಹೇಳುತ್ತಿದ್ದರು. ಸರ್ಕಾರಿ ರೇಡಿಯೋದಲ್ಲಿಯೂ 'ಮುಂಜಾನೆಯ ಪಾಠ' ಎಂದು ಅವರ ಭಾಷಣ ಬರುತ್ತಿತ್ತು, ದೂರದರ್ಶನಕ್ಕೂ ಮಾತನಾಡಿದರು. ಪಾಂಡಿತ್ಯವನ್ನು ಹೀಗೆ ಎಲ್ಲರ ಕಿವಿಗೂ ಹಾಕಿದರೆ ಅದು ಅಗ್ಗವಾಗುತ್ತದೆಂದು ನಮ್ಮ ಚರ್ಚಾಕೂಟದಲ್ಲಿ ಒಬ್ಬ ಮಿತ್ರರು ವಾದಿಸಿದರು. ನಾನು ಒಪ್ಪಲಾರೆ. ಪುಸ್ತಕದ ಓದುಗನಿಗೆ ಅರ್ಥವಾಗದಿದ್ದರೆ ಪುಟವನ್ನು ಮತ್ತೆ ಹಿಂದಕ್ಕೆ ತಿರುವಬಹುದು. ಒಲೆಯ ಮುಂದೆ ಕುಳಿತು ರೇಡಿಯೋ ಕೇಳುವವಳಿಗೆ ಆ ಸೌಕರ್ಯವಿಲ್ಲ. ಅವಳಿಗೆ ಒಂದೇ ಸಲಕ್ಕೆ ತಿಳಿಯುವಂತೆ ಹೇಳಬೇಕಾದರೆ ವಿಷಯವು ಹೇಳುವವನ ರಕ್ತದಲ್ಲಿ ಬೆರೆತಿರಬೇಕು. ಟಿಪ್ಪಣಿ ಬಾಯಿಪಾಠ ಮಾಡಿದವರಿಗೆ ಅದು ಸಾಧ್ಯವೆ? ನನ್ನನ್ನೇ ಸೇರಿಸಿಕೊಂಡು ಕೇಳುತ್ತಿದ್ದೇನೆ.

ಅವರ ಮಾತೆಲ್ಲವೂ ನನಗೆ ಒಪ್ಪಿಗೆಯೆಂದಲ್ಲ. 1975ರಲ್ಲಿ ಅವರು ಇಂಡೋನೇಷ್ಯಾದ ಉಲೇಮಾ ಮಂಡಲಿಯ ಮೊದಲ ಅಧ್ಯಕ್ಷರಾದರು. ಮುಸ್ಲಿಮರು ಕ್ರಿಸ್‌ಮಸ್ ಸಮಾರಂಭಗಳಲ್ಲಿ ಭಾಗವಹಿಸಬಾರದೆಂದು ಆ ಮಂಡಲಿ 1981ರಲ್ಲಿ ಫತ್ವಾ ಹೊರಡಿಸಿತು. ನೆರೆಯವರ ಹಬ್ಬದೂಟ ಉಂಡು ಬೆಳೆದ ನನಗೆ ಅದು ಸರಿಕಾಣುವುದಿಲ್ಲ. ಆದರೂ, ಸರ್ಕಾರದ ಒತ್ತಡ ಬಂದಾಗ ಅವರು ಅಧ್ಯಕ್ಷಪದವಿಯನ್ನು ಬಿಟ್ಟುಕೊಟ್ಟ ಧೈರ್ಯವನ್ನು ಅಲ್ಲಗಳೆಯಲಾರೆ. ಆ ವರ್ಷದ ಜುಲೈ ತಿಂಗಳಲ್ಲಿಯೇ ತೀರಿಕೊಂಡರು.

ಅದಕ್ಕೂ ಮುಂಚಿನ ಒಂದು ಸಂಗತಿಯಿದೆ. ಅಧ್ಯಕ್ಷ ಸುಕರ್ಣೋ ಅವರ ವಿರುದ್ಧ ಒಳಸಂಚು ಮಾಡಿದರೆಂಬ ಆರೋಪದ ಮೇಲೆ 1964ರಲ್ಲಿ ಹಮ್ಕಾರನ್ನು ಬಂಧಿಸಿದರು. ಎರಡು ವರ್ಷಕ್ಕೂ ಮೀರಿದ ಆ ಬಂಧನದಲ್ಲಿಯೇ ಅವರು 'ತಫ್ಸೀರ್ ಅಲ್-ಅಜ್ಹರ್' ಎಂಬ ಮಹಾವ್ಯಾಖ್ಯಾನದ ಬಹುಭಾಗವನ್ನು ಬರೆದರು. ಮುಂದೆ ಅಧಿಕಾರ ಕಳೆದುಕೊಂಡ ಸುಕರ್ಣೋ 1970ರಲ್ಲಿ ತೀರಿಕೊಂಡಾಗ, ಶವದ ಮುಂದೆ ನಿಂತು ಅಂತಿಮ ನಮಾಜನ್ನು ನಡೆಸಿಕೊಟ್ಟವರು ಇದೇ ಹಮ್ಕಾ.

ಈ ಸಲ ಊರಿಗೆ ಹೋದಾಗ ಸಾರ್ವಭೌಮತ್ವದ ತಂಟೆಗೆ ಹೋಗದೆ ಈ ಕಥೆಯನ್ನು ಅವ್ವನಿಗೆ ಹೇಳಿದೆ. ಅವ್ವ ಕೈಯಲ್ಲಿದ್ದ ಮೊರವನ್ನು ಕೆಳಗಿಟ್ಟಳು. "ಜೈಲಿಗೆ ಹಾಕಿಸಿದವನಿಗೇ?" ಎಂದು ಕೇಳಿದಳು. ಹೌದೆಂದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಅವನ ತಾಯಿ ಯಾರಪ್ಪಾ?" ಎಂದಳು. ನನ್ನ ಟಿಪ್ಪಣಿ ಪುಸ್ತಕದಲ್ಲಿ ತಂದೆಯ ಹೆಸರು ಮಾತ್ರ ಇತ್ತು.