ಹೆಸರಿಲ್ಲದ ಫೋಟೋಗಳು



ಮಲ್ಲಿಪಟ್ಟಣದಿಂದ ಅರಕಲಗೂಡಿಗೆ ಹೋದಾಗಲೆಲ್ಲ ಗುಜರಿ ಅಂಗಡಿಯಲ್ಲಿ ಹಳೆಯ ಪುಸ್ತಕ ಹುಡುಕುವುದು ನನ್ನ ಅಭ್ಯಾಸ. ಕಳೆದ ಬೇಸಿಗೆಯಲ್ಲಿ ಅಲ್ಲಿ ಅಂಗೈಯಗಲದ ಒಂದು ಕಪ್ಪು-ಬಿಳುಪು ಫೋಟೋ ಸಿಕ್ಕಿತು. ಹಂಚಿನ ಮನೆಯ ಮುಂದೆ ಮಗುವನ್ನೆತ್ತಿಕೊಂಡ ಹೆಂಗಸು ಬಿಸಿಲಿಗೆ ಕಣ್ಣು ಕಿರಿದು ಮಾಡಿ ನಗುತ್ತಿದ್ದಾಳೆ. ಮಗು ಅಲ್ಲಾಡಿದ್ದರಿಂದ ಅದರ ಮುಖ ಮಸುಕು. ನೆಲದ ಮೇಲೆ ಫೋಟೋ ತೆಗೆದವರ ನೆರಳು. ಹಿಂದೆ ತಿರುಗಿಸಿದರೆ ಹೆಸರಿಲ್ಲ, ಊರಿಲ್ಲ, ವರ್ಷವಿಲ್ಲ.

ಯಾರೋ ಏನೋ. ಆದರೂ ಕೆಳಗಿಡಲು ಮನಸ್ಸಾಗಲಿಲ್ಲ. ಏಕೆ ಗೊತ್ತೇ? ಸ್ಟುಡಿಯೋದಲ್ಲಿ ಕುಳಿತರೆ ನಾವು ಬಿಗಿಯಾಗುತ್ತೇವೆ. ಮನೆಯವರ ಕೈಯಲ್ಲಿ ಕ್ಯಾಮೆರಾ ಇದ್ದರೆ ನಾವು ನಾವಾಗಿಯೇ ಇರುತ್ತೇವೆ. ಹಿಂದೆ ಅನೇಕ ಮನೆಗಳಲ್ಲಿದ್ದ ಆಗ್ಫಾ ಕ್ಲಿಕ್ ಕ್ಯಾಮೆರಾದಲ್ಲಿ ಒಂದು ರೀಲಿಗೆ 12 ಫೋಟೋ ಮಾತ್ರ. ಸೂರ್ಯ ಬೆನ್ನ ಹಿಂದಿರಲಿ ಎಂದು ನಿಂತವರ ನೆರಳು ಚಿತ್ರದೊಳಗೇ ಬೀಳುತ್ತಿತ್ತು. ಹನ್ನೆರಡರಲ್ಲಿ ಒಂದನ್ನು ಈ ತಾಯಿಗೆಂದು ಮೀಸಲಿಟ್ಟವರ ಪ್ರೀತಿ ಆ ನೆರಳಿನಲ್ಲಿದೆ.

ಅಮೆರಿಕದ ಶಿಕಾಗೋದಲ್ಲಿ 2007ರಲ್ಲಿ ಹರಾಜಾದ ಸಾಮಾನಿನೊಳಗೆ ಫೋಟೋಗಳ ರಾಶಿಯೇ ಸಿಕ್ಕಿತು. ತೆಗೆದವರು ವಿವಿಯನ್ ಮೇಯರ್, ಮನೆಗಳಲ್ಲಿ ಮಕ್ಕಳನ್ನು ನೋಡಿಕೊಳ್ಳುತ್ತಿದ್ದ ಮಹಿಳೆ. ಜಗತ್ತು ಅವರನ್ನು ಗುರುತಿಸಿದ್ದು 2009ರಲ್ಲಿ ಅವರು ತೀರಿಕೊಂಡ ಬಳಿಕ. ನಮ್ಮ ದೇಶದಲ್ಲಿ ಅನುಷಾ ಯಾದವ್ ಅವರು 2010ರಲ್ಲಿ 'ಇಂಡಿಯನ್ ಮೆಮೊರಿ ಪ್ರಾಜೆಕ್ಟ್' ಆರಂಭಿಸಿದರು. ಅಲ್ಲಿ ಕುಟುಂಬಗಳು ಹಳೆಯ ಫೋಟೋದ ಜೊತೆಗೆ ಅದರ ಕಥೆಯನ್ನೂ ಕೊಡುತ್ತವೆ. ಕಥೆ ಉಳಿದರೆ ಫೋಟೋ ಮನೆಯ ಆಸ್ತಿ. ಕಥೆ ಹೋದರೆ ರದ್ದಿ.

ನಮ್ಮ ಮನೆಗಳಲ್ಲಿ ಹೆಂಗಸರ ಫೋಟೋಗಳೇ ಕಡಿಮೆ. ನನ್ನ ನಾನಿಯದು ಇರುವುದು ಒಂದೇ. ಅವರ ಪಕ್ಕದಲ್ಲಿ ಇನ್ನೊಬ್ಬ ಹೆಂಗಸು ಭುಜದ ಮೇಲೆ ಕೈಯಿಟ್ಟು ನಿಂತಿದ್ದಾರೆ. ಯಾರೆಂದು ಅಮ್ಮಿಯನ್ನು ಕೇಳಬೇಕೆಂದುಕೊಂಡೇ ಎಷ್ಟೋ ರಮಝಾನ್ ಕಳೆದವು. ಈಗ ಅಮ್ಮಿ ಇಲ್ಲ. ಆ ಕೈ ಅಕ್ಕನದೋ, ಗೆಳತಿಯದೋ, ಹೇಳುವವರಿಲ್ಲ.

ಆದ್ದರಿಂದ ಸಹೋದರಿಯರೇ, ಇಂದೇ ಟ್ರಂಕು ತೆರೆಯಿರಿ. ಹಿರಿಯರ ಪಕ್ಕದಲ್ಲಿ ಕುಳಿತು ಕೇಳಿ. ಫೋಟೋದ ಹಿಂದೆ ಪೆನ್ಸಿಲಿನಲ್ಲಿ ಮೆಲ್ಲಗೆ ಹೆಸರು ಬರೆಯಿರಿ. ಪೆನ್ನಿನ ಶಾಯಿ ಹರಡಬಹುದು. ಮೊಬೈಲಿನ ಸಾವಿರ ಫೋಟೋಗಳಲ್ಲಿಯೂ ಹತ್ತಕ್ಕಾದರೂ ಹೆಸರು ಹಾಕಿಡಿ. ಅಪರಿಚಿತರ ಫೋಟೋ ಸಿಕ್ಕರೆ ವಾಟ್ಸಾಪಿನಲ್ಲಿ ಹಂಚಬೇಡಿ. ಅದು ಯಾರದೋ ತಾಯಿಯ ಮುಖ, ನಮ್ಮ ಕೈಗೆ ಬಂದ ಅಮಾನತ್ತು.

ಗುಜರಿಯ ಆ ಫೋಟೋ ಈಗ ನನ್ನ ಮೇಜಿನೊಳಗಿದೆ. ಕೇಳಿಕೊಂಡು ಯಾರಾದರೂ ಬಂದರೆ ಕೊಟ್ಟುಬಿಡುತ್ತೇನೆ.