ಬಳಿ ಕೇಳಿದರೆ ಬಾಳಿ ಬಂತು

ಮಕ್ಕಳೇ, ಈ ವಾರ ನಮ್ಮ ಮನೆಯಲ್ಲೇ ನಡೆದದ್ದನ್ನು ಹೇಳುತ್ತೇನೆ. ಮನೆಯ ಹಿರಿಯರನ್ನೂ ಪಕ್ಕಕ್ಕೆ ಕೂಡಿಸಿಕೊಂಡು ಓದಿರಿ. ಇದರಲ್ಲಿ ಅವರಿಗೂ ಕೆಲಸ ಇದೆ.

ನಮ್ಮ ಮೊಮ್ಮಗಳು ಮಿರಜದಲ್ಲಿ ಓದುತ್ತಾಳೆ. ಅಥಣಿಯಲ್ಲಿರುವ ನಮಗೆ ಅದು ದೂರದ ಊರಲ್ಲ, ಕಾಗವಾಡ ದಾಟಿದರೆ ಬಂದೇಬಿಟ್ಟಿತು. ದೀಪಾವಳಿಗೆ ಬರುವ ಮೊದಲು ಆಕೆ ತನ್ನ ಆಯಿಯ ಮೊಬೈಲಿಗೆ ಒಂದು ಸಂದೇಶ ಕಳಿಸಿದಳು. ಮಾತು ಕನ್ನಡದ್ದು, ಅಕ್ಷರ ಇಂಗ್ಲಿಷಿನವು. ನಮ್ಮ ಮನೆಯಾಕೆಗೆ ಕನ್ನಡ ಚೆನ್ನಾಗಿ ಓದಲು ಬರುತ್ತದೆ, ಇಂಗ್ಲಿಷ್ ಅಕ್ಷರ ಬರುವುದಿಲ್ಲ. ನನ್ನ ಚಾಳೀಸು ಮುರಿದು ರಿಪೇರಿಗೆ ಹೋಗಿತ್ತು. ಬಾಜೂ ಮನೆಯ ಐದನೇ ಇಯತ್ತೆಯ ಹುಡುಗನನ್ನು ಕರೆದಳು. ಅವನು ಅಕ್ಷರ ಕೂಡಿಸಿ ಕೂಡಿಸಿ ಓದಿದ: “ಆಯಿ, ನನಗ ಹಸರ ಬಾಳಿ ಒಂದ್ ಡಜನ್ ತಂದಿಡು.”

“ಕೂಸು ಬಾಳಿಕಾಯಿ ಭಜಿ ತಿನ್ನಬೇಕಂತೈತಿ,” ಎಂದು ಆಯಿ ಸಂತೆಯಿಂದ ಹನ್ನೆರಡು ಹಸಿರು ಬಾಳೆಕಾಯಿ ತಂದು, ಕಡಲೆಹಿಟ್ಟನ್ನೂ ಜರಡಿ ಹಿಡಿದು ಇಟ್ಟಳು. ಮರುದಿನ ಬಂದ ಹುಡುಗಿ ಬುಟ್ಟಿ ನೋಡಿ ಬರಿಗೈ ಮುಂದೆ ಚಾಚಿದಳು. “ಆಯಿ, ನಾ ಕೇಳಿದ್ದು ಬಳಿ!”

ಹುಡುಗ ತಪ್ಪು ಓದಿರಲಿಲ್ಲ. ಆಕೆ ಬರೆದದ್ದು ನಾಲ್ಕು ಅಕ್ಷರ: ಬಿ, ಎ, ಎಲ್, ಐ. ಅದು ಕೈಗೆ ಇಡುವ ಬಳಿಯೂ ಹೌದು, ತಿನ್ನುವ ಬಾಳಿಯೂ ಹೌದು, ಮೀನು ಹಿಡಿಯುವ ಬಲಿಯೂ ಹೌದು. ಪುಸ್ತಕದಲ್ಲಿ ಇವು ಬಳೆ, ಬಾಳೆ, ಬಲೆ. ನಮ್ಮ ಭಾಗದ ಬಾಯಿಯಲ್ಲಿ ಕೊನೆಗೆ ‘ಇ’ ಬರುತ್ತದೆ. ದೀಪಾವಳಿಯ ಪಾಡ್ಯದ ಬಲಿ ಚಕ್ರವರ್ತಿಯೂ ಅದೇ ನಾಲ್ಕು ಅಕ್ಷರದಲ್ಲಿ ಕೂಡುತ್ತಾನೆ. ಪುಣ್ಯಕ್ಕೆ ಆತನನ್ನು ಡಜನ್ ಲೆಕ್ಕದಲ್ಲಿ ಯಾರೂ ಕೇಳುವುದಿಲ್ಲ.

ನಮ್ಮ ವರ್ಣಮಾಲೆಯಲ್ಲಿ 49 ಅಕ್ಷರ, ಇಂಗ್ಲಿಷಿನಲ್ಲಿ 26. ದೊಡ್ಡ ಕಾಳಿನ ಚೀಲವನ್ನು ಸಣ್ಣ ಡಬ್ಬಿಗೆ ಸುರಿದರೆ ಏನಾಗುತ್ತದೋ ಅದೇ ಇಲ್ಲಿ ಆಗುತ್ತದೆ. ಲ ಮತ್ತು ಳ ಒಂದೇ ಎಲ್ ಒಳಗೆ ಹೋಗುತ್ತವೆ, ನ ಮತ್ತು ಣ ಒಂದೇ ಎನ್ ಒಳಗೆ. ಹ್ರಸ್ವ ದೀರ್ಘದ ಗತಿಯೂ ಅಷ್ಟೇ. ಈಗ ಅಜ್ಜ ಅಜ್ಜಿಯ ಮುಂದೆ ಕೂತು ‘ತ’ ಅನ್ನಿರಿ. ನಾಲಿಗೆಯ ತುದಿ ಹಲ್ಲಿಗೆ ತಾಗಿತು. ‘ಟ’ ಅನ್ನಿರಿ. ನಾಲಿಗೆ ಮೇಲೆ ಮಡಚಿತು. ಕ ಗಂಟಲ ಹತ್ತಿರ, ಪ ತುಟಿಯ ಮೇಲೆ. ಬಾಯಿಯ ಒಳಗಿನಿಂದ ಹೊರಗೆ ಬರುವಂತೆ ವರ್ಗಗಳನ್ನು ಸಾಲಾಗಿ ನಿಲ್ಲಿಸಿದ್ದಾರೆ. ಎ, ಬಿ, ಸಿ, ಡಿ ಸಾಲಿಗೆ ಇಂಥ ಲೆಕ್ಕವಿಲ್ಲ.

ಈ ಅಕ್ಷರಗಳಲ್ಲಿ ಕನ್ನಡವನ್ನು ಸರಿಯಾಗಿ ಬರೆಯಲು ಬರುವುದೇ ಇಲ್ಲ ಎಂದಲ್ಲ. ರೆವರೆಂಡ್ ಕಿಟೆಲ್ ಅವರ ಕನ್ನಡ-ಇಂಗ್ಲಿಷ್ ನಿಘಂಟು 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾಯಿತು. ಅದರಲ್ಲಿ ದೀರ್ಘಕ್ಕೆ ಅಕ್ಷರದ ತಲೆಯ ಮೇಲೆ ಗೆರೆ, ಳ ಆದರೆ ಎಲ್ ಕೆಳಗೆ ಚುಕ್ಕೆ. 2001ರಲ್ಲಿ ಭಾರತದ ಲಿಪಿಗಳಿಗೆಲ್ಲ ಇಂಥದೇ ಒಂದು ಅಂತರರಾಷ್ಟ್ರೀಯ ನಿಯಮವೂ ಬಂತು. ಹಾಗೆ ಬರೆದರೆ ಬಳಿ ಬಾಳಿ ಬೇರೆಬೇರೆಯೇ. ಆದರೆ ಮೊಬೈಲಿನಲ್ಲಿ ಚುಕ್ಕೆ ಇಡುತ್ತಾ ಕೂಡುವವರು ಯಾರು?

ನಮ್ಮ ಊರುಗಳ ಹೆಸರು ನೋಡಿರಿ. ರೈಲು ನಿಲ್ದಾಣದ ಹೆಸರು ಚಿಕ್ಕೋಡಿ ರೋಡ್. ಇಂಗ್ಲಿಷಿನಲ್ಲಿ ಅದಕ್ಕೆ ಒಂದೇ ಕೆ. ಲೋಕಸಭೆಯ ಚಿಕ್ಕೋಡಿ ಕ್ಷೇತ್ರಕ್ಕೆ ಎರಡು ಕೆ. ರಾಯಬಾಗಕ್ಕೆ ರೈಲಿನವರು ವೈ ಹಾಕುತ್ತಾರೆ, ಉಳಿದವರು ಐ. ನಿಪ್ಪಾಣಿಗೆ ಕೆಲವರು ಒಂದು ಪಿ ಕೊಡುತ್ತಾರೆ, ಕೆಲವರು ಎರಡು. 2014ರ ನವೆಂಬರ್ 1ರಂದು ಬೆಳಗಾವಿಯೂ ಸೇರಿ 12 ಊರುಗಳ ಇಂಗ್ಲಿಷ್ ಹೆಸರನ್ನು ಸರಕಾರ ತಿದ್ದಿತು. ನಮ್ಮ ಈ ಮೂರು ಊರುಗಳು ಆ ಪಟ್ಟಿಯಲ್ಲಿ ಇರಲಿಲ್ಲ.

ಅಥಣಿಯದು ಇನ್ನೊಂದು ತಮಾಷೆ. ಅದರ ಟಿ-ಎಚ್ ನಿಜವಾದ ‘ಥ’. ಆದರೆ ಬೆಂಗಳೂರು ಮೈಸೂರು ಕಡೆ ಲತಾ, ಗೀತಾ ಎಂದು ಬರೆಯುವಾಗಲೂ ಟಿ-ಎಚ್ ಹಾಕುತ್ತಾರೆ. ಬರೀ ಟಿ ಬರೆದರೆ ‘ಲಟಾ’ ಎಂದು ಓದಿಯಾರು ಎಂಬ ಹೆದರಿಕೆ. ಮಹಾರಾಷ್ಟ್ರದವರಿಗೆ ಆ ಹೆದರಿಕೆ ಇಲ್ಲ. ಅವರು ‘ತ’ಕ್ಕೆ ಬರೀ ಟಿ ಬರೆಯುತ್ತಾರೆ. ಎರಡೂ ಪದ್ಧತಿಗೆ ಅದರದರ ಕಾರಣ ಇದೆ. ನಡುವೆ ಗಡಿಯಲ್ಲಿ ಕೂತ ನಮಗೆ ಎರಡೂ ಬರುತ್ತವೆ, ಎರಡರ ತೊಂದರೆಯೂ ಬರುತ್ತದೆ.

ಮೊಮ್ಮಗಳ ಹೆಸರಿನಲ್ಲಿ ಒಂದು ‘ತ’ ಇದೆ. ಆಧಾರ್ ಕಾರ್ಡು ಇಲ್ಲಿ ಮಾಡಿಸಿದ್ದು, ಅದರಲ್ಲಿ ಟಿ-ಎಚ್. ಶಾಲೆಯ ರಿಜಿಸ್ಟರಿನಲ್ಲಿ ಬರೀ ಟಿ. ವಿದ್ಯಾರ್ಥಿವೇತನದ ಅರ್ಜಿ ಹಾಕಿದಾಗ ಇಬ್ಬರೂ ಒಬ್ಬಳೇ ಎಂದು ಕಂಪ್ಯೂಟರ್ ಒಪ್ಪಲಿಲ್ಲ. ಅಳಿಯ ಎರಡು ದಿನ ರಜೆ ಹಾಕಿ ಕಚೇರಿಯಿಂದ ಕಚೇರಿಗೆ ತಿರುಗಿದರು. ಒಂದು ಕಡೆ ಶಾಲೆಯಲ್ಲಿ ತಿದ್ದಿಸಿರಿ ಅಂದರು, ಇನ್ನೊಂದು ಕಡೆ ಆಧಾರ್ ತಿದ್ದಿಸಿರಿ ಅಂದರು. ನಮ್ಮಾಕೆ ಕೇಳಿದಳು: “ಒಂದ್ ಎಚ್ ಸಲುವಾಗಿ ಕೂಸಿನ ರೊಕ್ಕ ನಿಂತಾವೇನ್ರೀ?” ಹೌದು, ಅದೊಂದಕ್ಕೇ ನಿಂತಿತ್ತು. ಕನ್ನಡದಲ್ಲಿ ಬರೆದರೂ ಮರಾಠಿಯಲ್ಲಿ ಬರೆದರೂ ಆಕೆಯ ಹೆಸರಿನಲ್ಲಿ ಎಳ್ಳಷ್ಟೂ ಸಂಶಯ ಇಲ್ಲ. ಎರಡೂ ಲಿಪಿಯಲ್ಲಿ ತ ಅಂದರೆ ತ.

“ಮುತ್ಯಾ, ಬ್ಯಾರೆ ದೇಶದಾಗೂ ಹಿಂಗ ಆಗತೈತೇನು?” ಎಂದು ಆಕೆ ಕೇಳಿದಳು.

ಆಗುತ್ತದೆ. ಕೊರಿಯಾ ದೇಶದವರು ಮೊದಲು ಚೀನಾದ ಲಿಪಿಯಲ್ಲಿ ಬರೆಯುತ್ತಿದ್ದರು. ಸಾವಿರಾರು ಅಕ್ಷರ ಕಲಿಯಬೇಕು. ಹೊಲ ಮಾಡುವವನಿಗೆ ಅಷ್ಟು ವೇಳೆ ಎಲ್ಲಿ? ಸೇಜೋಂಗ್ ಎಂಬ ರಾಜ 1443ರಲ್ಲಿ 28 ಅಕ್ಷರಗಳ ಹೊಸ ಲಿಪಿ ಮಾಡಿ 1446ರಲ್ಲಿ ಅದನ್ನು ಪ್ರಜೆಗಳಿಗೆ ಕೊಟ್ಟ. ಆಸ್ಥಾನದ ಪಂಡಿತರಲ್ಲಿ ಕೆಲವರು ಬೇಡವೇ ಬೇಡ ಎಂದು ಅರ್ಜಿ ಬರೆದರು. ರಾಜ ಕೇಳಲಿಲ್ಲ. ಆ ಲಿಪಿಯಲ್ಲಿ ಕ, ನ ಮುಂತಾದ ಅಕ್ಷರಗಳ ಆಕಾರವೇ ಆ ಉಚ್ಚಾರದಲ್ಲಿ ನಾಲಿಗೆ ನಿಲ್ಲುವ ಆಕಾರ. ಈಗ ಅದರಲ್ಲಿ 24 ಅಕ್ಷರ ಬಳಕೆಯಲ್ಲಿವೆ. ದಕ್ಷಿಣ ಕೊರಿಯಾದಲ್ಲಿ ಅಕ್ಟೋಬರ್ 9 ಲಿಪಿಯ ಹಬ್ಬದ ದಿನ.

ಇಷ್ಟು ಚಂದದ ಲಿಪಿ ಇದ್ದವರಿಗೂ ಇಂಗ್ಲಿಷ್ ಅಕ್ಷರಕ್ಕೆ ಹೋದೊಡನೆ ಗೊಂದಲ. ಅವರಲ್ಲಿ ‘ಈ’ ಎಂಬ ಒಂದೇ ಅಕ್ಷರದ ಅಡ್ಡಹೆಸರು ಇದೆ. ಸೇಜೋಂಗ್ ರಾಜನ ಮನೆತನವೂ ಅದೇ. ಇಂಗ್ಲಿಷಿನಲ್ಲಿ ಅದನ್ನು ಒಬ್ಬರು ‘ಲೀ’ ಎಂದು ಬರೆಯುತ್ತಾರೆ, ಒಬ್ಬರು ‘ಯಿ’, ಮತ್ತೊಬ್ಬರು ‘ರೀ’. ದಕ್ಷಿಣ ಕೊರಿಯಾದ ಮೊದಲ ಅಧ್ಯಕ್ಷ ಸಿಂಗ್‌ಮನ್ ರೀ, ಹಳೆಯ ಕಾಲದ ನೌಕಾ ಸೇನಾಪತಿ ಯಿ ಸುನ್-ಸಿನ್, ಇಬ್ಬರದೂ ಒಂದೇ ಅಡ್ಡಹೆಸರು! ಅಲ್ಲಿನ ಸರಕಾರ 2000ದಲ್ಲಿ ಹೊಸ ನಿಯಮ ಮಾಡಿತು. ಪುಸಾನ್ ಎಂದು ಬರೆಯುತ್ತಿದ್ದ ಊರು ಬುಸಾನ್ ಆಯಿತು. ಜನರ ಹೆಸರನ್ನು ಮಾತ್ರ ಅವರವರಿಗೇ ಬಿಟ್ಟರು. ಅದು ಜಾಣತನ ಎಂದು ನನಗೆ ಅನಿಸುತ್ತದೆ.

ಇದಕ್ಕಿಂತ ವಿಚಿತ್ರವಾದದ್ದು ಮೋಂಗ್ ಜನರ ಕಥೆ. ಅವರು ಲಾವೋಸ್ ಮತ್ತು ಸುತ್ತಲಿನ ದೇಶಗಳ ಗುಡ್ಡಗಾಡಿನವರು. ಅವರ ಮಾತಿನಲ್ಲಿ ರಾಗ ಬದಲಾದರೆ ಅರ್ಥ ಬದಲು. 1950ರ ಸುಮಾರಿಗೆ ಪಾದ್ರಿಗಳು ಇಂಗ್ಲಿಷ್ ಅಕ್ಷರಗಳಲ್ಲಿ ಅವರ ಭಾಷೆ ಬರೆಯುವ ಒಂದು ಪದ್ಧತಿ ಮಾಡಿದರು. ಅದರಲ್ಲಿ ಶಬ್ದದ ಕೊನೆಯ ಅಕ್ಷರ ಓದಲಿಕ್ಕಲ್ಲ, ರಾಗ ಹೇಳಲಿಕ್ಕೆ. ‘ಪೊ’ ಎಂದು ಬರೆದು ಕೊನೆಗೆ ಎಸ್ ಇಟ್ಟರೆ ಮುಳ್ಳು. ಎಮ್ ಇಟ್ಟರೆ ನೋಡು. ಜಿ ಇಟ್ಟರೆ ಅಪ್ಪನ ತಾಯಿ, ಅಂದರೆ ಆಯಿ! “ಅಂದ್ರ ಒಂದ್ ಅಕ್ಷರ ತಪ್ಪಿದ್ರ ನಾ ಮುಳ್ಳಾಗತೀನಿ,” ಎಂದು ನಮ್ಮಾಕೆ ನಕ್ಕಳು. ನಾನು ಸುಮ್ಮನಿದ್ದೆ.

ಅದೇ ಮೋಂಗ್ ಜನರಲ್ಲಿ ಷೋಂಗ್ ಲೂ ಯಾಂಗ್ ಎಂಬ ಒಕ್ಕಲಿಗ ಇದ್ದ. ಶಾಲೆಯ ಮೆಟ್ಟಿಲು ಹತ್ತಿದವನಲ್ಲ, ಓದಲು ಬರೆಯಲು ಬರುತ್ತಿರಲಿಲ್ಲ. 1959ರಲ್ಲಿ ಅವನು ತನ್ನ ಮಾತಿಗೆ ತಾನೇ ಒಂದು ಲಿಪಿ ಮಾಡಿ ಊರವರಿಗೆ ಕಲಿಸತೊಡಗಿದ. ಆಗ ಅಲ್ಲಿ ಯುದ್ಧದ ಕಾಲ. ಜನ ಅವನ ಹಿಂದೆ ಕೂಡುವುದನ್ನು ಕಂಡು ಎರಡೂ ಪಕ್ಷದವರಿಗೆ ಸಂಶಯ ಬಂತು. 1971ರಲ್ಲಿ ಅವನನ್ನು ಕೊಂದರು. ಅವನ ಲಿಪಿ ಇನ್ನೂ ಇದೆ.

ಇಷ್ಟು ಹೇಳುವಾಗ ನಮ್ಮ ಟ್ರಂಕು ನೆನಪಾಯಿತು. ಅದರಲ್ಲಿ ನನ್ನ ಮುತ್ಯಾನ ಕಾಲದ ಒಂದು ಹೊಲದ ಕಾಗದ ಇದೆ, ಮೋಡಿ ಲಿಪಿಯಲ್ಲಿ ಬರೆದದ್ದು. 1956ರಲ್ಲಿ ಮೈಸೂರು ರಾಜ್ಯಕ್ಕೆ ಸೇರುವ ಮೊದಲು ನಮ್ಮ ಜಿಲ್ಲೆ ಮುಂಬಯಿಗೆ ಸೇರಿತ್ತಲ್ಲ, ಗಡಿ ಭಾಗದ ಎಷ್ಟೋ ಮನೆಗಳಲ್ಲಿ ಇಂಥ ಮರಾಠಿ ಕಾಗದಗಳಿವೆ. ಮೋಡಿಯಲ್ಲಿ ಮೊದಲು ಮೇಲಿನ ಗೆರೆ ಎಳೆದು, ಕೆಳಗೆ ಲೇಖನಿ ಎತ್ತದೆ ಸರಸರ ಬರೆದುಕೊಂಡು ಹೋಗುತ್ತಿದ್ದರು. 1950ರ ದಶಕದ ನಂತರ ಶಾಲೆಗಳಲ್ಲಿ ಅದನ್ನು ಕಲಿಸುವುದು ನಿಂತಿತು. ಹೋದ ವರ್ಷ ಒಬ್ಬ ಹಿರಿಯರನ್ನು ಹುಡುಕಿ ಆ ಕಾಗದ ಓದಿಸಿದೆ. ಒಂದು ಹೆಸರಿನ ಹತ್ತಿರ ಅವರೂ ನಿಂತರು. ದಿನಾ ಅನ್ನಬೇಕೋ ದೀನಾ ಅನ್ನಬೇಕೋ ಗೊತ್ತಾಗಲಿಲ್ಲ. ಮೋಡಿಯಲ್ಲಿ ಇಕಾರಕ್ಕೆ ಹ್ರಸ್ವ ದೀರ್ಘದ ಭೇದವಿಲ್ಲ. ಬರೆದ ಕಾರಕೂನನಿಗೆ ಗೊತ್ತಿತ್ತು, ಬರೆಸಿದ ನನ್ನ ಮುತ್ಯಾನಿಗೂ ಗೊತ್ತಿತ್ತು. ಈಗ ಕೇಳಲು ಇಬ್ಬರೂ ಇಲ್ಲ.

ಹುಡುಗಿಯ ಹೆಸರಿನ ಗೋಳು ಕೊನೆಗೆ ಮುಗಿಯಿತು. ಶಾಲೆಯ ದಾಖಲೆಯೇ ಮುಂದೆ ಎಲ್ಲದಕ್ಕೂ ಬೇಕಾಗುವುದು ಎಂದು ಆಧಾರ್ ಕಾರ್ಡಿನ ಎಚ್ ತೆಗೆಸಿದೆವು. ವಿದ್ಯಾರ್ಥಿವೇತನ ಮುಂದಿನ ಕಂತಿನಲ್ಲಿ ಬರುತ್ತದಂತೆ. ಬಾಳೆಕಾಯಿ ಭಜಿ ಎರಡು ದಿನ ತಿಂದೆವು, ಬಳೆಯೂ ಬಂದವು.

ಆಯಿ ಮಾತ್ರ ಒಂದು ಷರತ್ತು ಹಾಕಿದಳು: “ಇನ್ಮ್ಯಾಲೆ ನನಗ ಕನ್ನಡದಾಗ ಬರಿ, ನಾನ ಓದತೇನಿ.” ಹುಡುಗಿ ಅಲ್ಲೇ ಕೂತು ತನ್ನ ಮೊಬೈಲಿನಲ್ಲಿ ಕನ್ನಡದ ಕೀಲಿಮಣೆ ಹಾಕಿಕೊಂಡಳು. ಮಿರಜಕ್ಕೆ ಹೋದ ಮೇಲೆ ಮೊದಲ ಸಂದೇಶ ಬಂತು. ಆಯಿ ತಾನೇ ಒಂದೊಂದು ಅಕ್ಷರಕ್ಕೆ ಬೆರಳಿಟ್ಟು ಓದಿದಳು: “ಆಯಿ, ಬಳ್ಳಿ ಬಾಳ ಚಂದ ಅದಾವು.” ಓದಿ ಬಿದ್ದು ಬಿದ್ದು ನಕ್ಕಳು.

ನಿಮ್ಮ ಊರಿನ ಹೆಸರನ್ನು ಬಸ್ಸು, ಶಾಲೆ, ಬ್ಯಾಂಕು, ಮೈಲುಗಲ್ಲುಗಳ ಮೇಲೆ ಇಂಗ್ಲಿಷಿನಲ್ಲಿ ಎಷ್ಟು ಥರ ಬರೆದಿದ್ದಾರೆ, ಎಣಿಸಿ ಒಂದು ಕಾರ್ಡು ಬರೆಯಿರಿ. ಮನೆಯಲ್ಲಿ ಮೋಡಿ ಓದಲು ಬರುವ ಹಿರಿಯರು ಇದ್ದರೆ ಅದನ್ನೂ ತಿಳಿಸಿರಿ. ನಮ್ಮ ಕಾಗದದಲ್ಲಿ ಇನ್ನೂ ಎರಡು ಸಾಲು ಓದುವುದು ಉಳಿದಿದೆ.