ಬೈಂದೂರನ್ನು ಉಡುಪಿಗೆ ಮರಳಿಸಿ: ಕುಂದಾಪುರ, ಬೈಂದೂರು, ಬ್ರಹ್ಮಾವರ ಮತದಾರರ ಹಕ್ಕೊತ್ತಾಯ ಪತ್ರ

ಗೆ,
ಕ್ಷೇತ್ರ ಪುನರ್ವಿಂಗಡಣಾ ಆಯೋಗ, ಭಾರತದ ಚುನಾವಣಾ ಆಯೋಗ, ಕರ್ನಾಟಕ ಸರ್ಕಾರ, ಉಡುಪಿ-ಚಿಕ್ಕಮಗಳೂರು ಮತ್ತು ಶಿವಮೊಗ್ಗ ಕ್ಷೇತ್ರಗಳ ಸಂಸದರು.

ಕುಂದಾಪುರದ ಹೊಳೆಬದಿಯಲ್ಲಿ ನಿಂತರೆ ಅಳಿವೆಯ ಆಚೆ ಗಂಗೊಳ್ಳಿ ಕಣ್ಣೆದುರಿಗೇ ಇದೆ. ಎರಡೂ ದಡದವರು ಬಲೆ ಬೀಸುವುದು ಒಂದೇ ನೀರಿಗೆ, ಆಡುವುದು ಒಂದೇ ಕುಂದಗನ್ನಡ, ಜಿಲ್ಲಾ ಕಚೇರಿಯ ಕೆಲಸಕ್ಕೆ ಹೋಗುವುದು ಅದೇ ಮಣಿಪಾಲಕ್ಕೆ. ಮತ ಮಾತ್ರ ಬೇರೆ. ಕುಂದಾಪುರ ಪೇಟೆಯವರದ್ದು ಉಡುಪಿ-ಚಿಕ್ಕಮಗಳೂರು ಲೋಕಸಭಾ ಕ್ಷೇತ್ರ, ಗಂಗೊಳ್ಳಿಯವರದ್ದು ಶಿವಮೊಗ್ಗ. 2024ರಲ್ಲಿ ಈ ದಡದವರು ಏಪ್ರಿಲ್ 26ಕ್ಕೆ ಮತ ಹಾಕಿದರೆ ಆ ದಡದವರು ಮೇ 7ರವರೆಗೆ ಕಾದರು. 2018ರ ನವೆಂಬರ್ 3ರಂದು ಬೈಂದೂರಿನವರು ಶಿವಮೊಗ್ಗದ ಉಪಚುನಾವಣೆಗಾಗಿ ಮತಗಟ್ಟೆಗೆ ಹೋದಾಗ ಕುಂದಾಪುರ ಪೇಟೆಯಲ್ಲಿ ಅದು ಮಾಮೂಲಿ ಶನಿವಾರ. "ನಮ್ಮ್ ಎಂಪಿ ಯಾರ್ ಮರಾಯ್ರೆ?" ಎಂಬ ಪ್ರಶ್ನೆ ನಮ್ಮ ಕಡೆ ಹುಟ್ಟಿದ್ದು ಜನರ ಅಜ್ಞಾನದಿಂದಲ್ಲ, ನಕ್ಷೆಯ ಮೇಲೆ ಎಳೆದ ಗೆರೆಯಿಂದ.

ಈ ಗೆರೆ ಹಳೆಯದಲ್ಲ. 1862ರಲ್ಲಿ ಉತ್ತರ ಕನ್ನಡ ಬೊಂಬಾಯಿ ಪ್ರಾಂತ್ಯದ ಪಾಲಾದಾಗಲೂ ಕುಂದಾಪುರ ದಕ್ಷಿಣದ ಜೊತೆ ಮದರಾಸಿನಲ್ಲೇ ಉಳಿಯಿತು. ಮೊದಲ ಲೋಕಸಭೆಗೆ ಇಲ್ಲಿಂದ ಹೋದ ಯು. ಶ್ರೀನಿವಾಸ ಮಲ್ಯರ ಕ್ಷೇತ್ರದ ಹೆಸರು ದಕ್ಷಿಣ ಕನ್ನಡ (ಉತ್ತರ). ಅದೇ 1957ರಿಂದ ಉಡುಪಿ ಕ್ಷೇತ್ರವಾಯಿತು. 1957 ಮತ್ತು 1962ರಲ್ಲಿ ಮತ್ತೆ ಮಲ್ಯರು, 1967ರಲ್ಲಿ ಸ್ವತಂತ್ರ ಪಕ್ಷದ ಜೆ.ಎಂ. ಲೋಬೋ ಪ್ರಭು, 1971ರಲ್ಲಿ ಪಿ. ರಂಗನಾಥ ಶೆಣೈ, 1977ರಲ್ಲಿ ಟಿ.ಎ. ಪೈ, 1980ರಿಂದ 1996ರವರೆಗೆ ಸತತ ಐದು ಸಲ ಆಸ್ಕರ್ ಫರ್ನಾಂಡಿಸ್. 1998ರಲ್ಲಿ ಐ.ಎಂ. ಜಯರಾಮ ಶೆಟ್ಟಿ, 1999ರಲ್ಲಿ ವಿನಯ್ ಕುಮಾರ್ ಸೊರಕೆ, 2004ರಲ್ಲಿ ಮನೋರಮಾ ಮಧ್ವರಾಜ್. ಪಕ್ಷ ಬದಲಾಯಿತು, ಜನಪ್ರತಿನಿಧಿ ಬದಲಾದರು. ಬೈಂದೂರು, ಕುಂದಾಪುರ, ಬ್ರಹ್ಮಾವರ ಮೂರೂ ಒಟ್ಟಿಗೇ ಇದ್ದವು. ಜಯರಾಮ ಶೆಟ್ಟರು ಬೈಂದೂರಿನ ಶಾಸಕರಾಗಿದ್ದೇ ಉಡುಪಿಯ ಸಂಸದರಾದವರು. ಇಂದು ಬೈಂದೂರಿನ ಶಾಸಕರೊಬ್ಬರಿಗೆ ಆ ದಾರಿ ಸಲೀಸಲ್ಲ. ತಮ್ಮದೇ ಜಿಲ್ಲೆಯ ಲೋಕಸಭಾ ಕ್ಷೇತ್ರದಲ್ಲಿ ಅವರು ಹೊರಗಿನವರು.

2008ರಲ್ಲಿ ನ್ಯಾಯಮೂರ್ತಿ ಕುಲದೀಪ್ ಸಿಂಗ್ ಆಯೋಗದ ಆದೇಶ ಜಾರಿಗೆ ಬಂದಾಗ ನಮಗೆ ಎರಡು ಪೆಟ್ಟು ಬಿತ್ತು. ಬ್ರಹ್ಮಾವರ ವಿಧಾನಸಭಾ ಕ್ಷೇತ್ರ ಅಳಿಸಿಹೋಯಿತು. ಬೈಂದೂರು ಘಟ್ಟ ಹತ್ತಿ ಶಿವಮೊಗ್ಗಕ್ಕೆ ಸೇರಿತು. ಕಾರಣ ಯಾರ ದ್ವೇಷವೂ ಅಲ್ಲ, ಎಂಟರ ಲೆಕ್ಕ. ರಾಜ್ಯದ 224 ವಿಧಾನಸಭಾ ಕ್ಷೇತ್ರಗಳನ್ನು 28 ಲೋಕಸಭಾ ಕ್ಷೇತ್ರಗಳಿಗೆ ಹಂಚಿದರೆ ತಲಾ ಎಂಟು. ಶಿವಮೊಗ್ಗ ಜಿಲ್ಲೆಯಲ್ಲಿ ಇದ್ದದ್ದು ಏಳು, ಒಂದು ಕಮ್ಮಿ. ಉಡುಪಿಯ ಐದು, ಚಿಕ್ಕಮಗಳೂರಿನ ಐದು ಸೇರಿದರೆ ಹತ್ತು, ಎರಡು ಹೆಚ್ಚು. ಹಾಸನದ ಏಳಕ್ಕೆ ಕಡೂರು ಹೋಯಿತು, ಶಿವಮೊಗ್ಗದ ಏಳಕ್ಕೆ ಬೈಂದೂರು ಹೋಯಿತು. ಲೆಕ್ಕ ಸರಿಹೋಯಿತು, ನಡುವೆ ಸಹ್ಯಾದ್ರಿ ಇರುವುದು ಲೆಕ್ಕಕ್ಕೆ ಬರಲಿಲ್ಲ.

ಕ್ಷೇತ್ರ ಪುನರ್ವಿಂಗಡಣೆಗೆ ಸಂವಿಧಾನದ 84ನೇ ತಿದ್ದುಪಡಿ ಹಾಕಿದ ತಡೆ 2026ರ ನಂತರದ ಮೊದಲ ಜನಗಣತಿಯವರೆಗೆ. 2027ರ ಮಾರ್ಚ್ 1ನ್ನು ಆಧಾರ ದಿನವಾಗಿಟ್ಟುಕೊಂಡು ಗಣತಿಯ ಅಧಿಸೂಚನೆ ಹೊರಬಿದ್ದಿದೆ. ಪುನರ್ವಿಂಗಡಣೆಯ ಆದೇಶ ಒಮ್ಮೆ ರಾಜ್ಯಪತ್ರದಲ್ಲಿ ಪ್ರಕಟವಾದರೆ ಅದನ್ನು ನ್ಯಾಯಾಲಯದಲ್ಲಿ ಪ್ರಶ್ನಿಸುವುದು ಬಹುಮಟ್ಟಿಗೆ ಅಸಾಧ್ಯ. ಆದ್ದರಿಂದ ಈಗಲೇ ಕೇಳುತ್ತಿದ್ದೇವೆ.

1. ಉಡುಪಿ ಜಿಲ್ಲೆಯ ಬೈಂದೂರು, ಕುಂದಾಪುರ, ಉಡುಪಿ, ಕಾಪು, ಕಾರ್ಕಳ ಈ ಐದೂ ವಿಧಾನಸಭಾ ಕ್ಷೇತ್ರಗಳು ಒಂದೇ ಲೋಕಸಭಾ ಕ್ಷೇತ್ರದಲ್ಲಿರಬೇಕು. ಇದು ನಮ್ಮ ಮೊದಲ ಬೇಡಿಕೆ. ಉಳಿದ ಯಾವುದರಲ್ಲಿ ರಾಜಿಯಾದರೂ ಇದರಲ್ಲಿ ಇಲ್ಲ. ನಾವು ಕೇಳುತ್ತಿರುವುದು ವಿನಾಯಿತಿಯನ್ನೂ ಅಲ್ಲ. 2002ರ ಪುನರ್ವಿಂಗಡಣಾ ಕಾಯ್ದೆಯ 9ನೇ ಕಲಮೇ ಕ್ಷೇತ್ರಗಳು ಆದಷ್ಟು ಒತ್ತಾಗಿ ಒಂದೆಡೆ ಇರಬೇಕು, ಪ್ರಾಕೃತಿಕ ಲಕ್ಷಣ, ಆಡಳಿತದ ಈಗಿನ ಗಡಿ, ಸಂಪರ್ಕ ಸೌಲಭ್ಯ, ಜನರ ಅನುಕೂಲ ನೋಡಬೇಕು ಎಂದು ಹೇಳುತ್ತದೆ. ಬೈಂದೂರನ್ನು ಶಿವಮೊಗ್ಗಕ್ಕೆ ಸೇರಿಸಿದಾಗ ಈ ನಾಲ್ಕರಲ್ಲಿ ಯಾವುದನ್ನು ಪಾಲಿಸಲಾಯಿತು? ಬೈಂದೂರಿನಿಂದ ಉಡುಪಿಗೆ ನೆಟ್ಟಗೆ ರಾಷ್ಟ್ರೀಯ ಹೆದ್ದಾರಿ 66 ಇದೆ, ಕೊಂಕಣ ರೈಲು ಇದೆ. ಶಿವಮೊಗ್ಗಕ್ಕೆ ಹೋಗಲು ಕೊಲ್ಲೂರು ದಾಟಿ ನಾಗೋಡಿ ಹತ್ತಬೇಕು, ಇಲ್ಲವೇ ಹೊಸಂಗಡಿ ದಾಟಿ ಬಾಳೆಬರೆ ಘಾಟಿ ಹತ್ತಬೇಕು. ಆಷಾಢದ ಮಳೆಯಲ್ಲಿ ಈ ಘಾಟಿಗಳ ಪಾಡು ಏನೆಂದು ಅಲ್ಲಿ ಬಸ್ಸು ಓಡಿಸುವವರನ್ನು ಕೇಳಿ.

2. ಎಂಟರ ಲೆಕ್ಕ ತಪ್ಪುತ್ತದೆ ಎಂಬ ಉತ್ತರ ನಮಗೆ ಬೇಡ, ಏಕೆಂದರೆ ತಪ್ಪುವುದಿಲ್ಲ. ಬೈಂದೂರನ್ನು ಇತ್ತ ಕೊಟ್ಟು ತರೀಕೆರೆಯನ್ನು ಶಿವಮೊಗ್ಗಕ್ಕೆ ಸೇರಿಸಿದರೆ ಅಲ್ಲಿ ಏಳಕ್ಕೆ ಒಂದು ಕೂಡಿ ಎಂಟು. ಇಲ್ಲಿ ಉಡುಪಿಯ ಐದು, ಜೊತೆಗೆ ಶೃಂಗೇರಿ, ಮೂಡಿಗೆರೆ, ಚಿಕ್ಕಮಗಳೂರು, ಎಂಟು. ತರೀಕೆರೆ ಭದ್ರಾವತಿಗೆ ಅಂಟಿಕೊಂಡ ಊರು, ಬೀರೂರಿನಿಂದ ಶಿವಮೊಗ್ಗಕ್ಕೆ ಹೋಗುವ ರೈಲು ಎರಡನ್ನೂ ಹಾದುಹೋಗುತ್ತದೆ. ಆದರೆ ನಮ್ಮನ್ನು ಕೇಳದೆ ನಮಗೆ ಮಾಡಿದ್ದನ್ನು ತರೀಕೆರೆಯವರಿಗೆ ಮಾಡುವುದು ನ್ಯಾಯವಲ್ಲ. ಅಲ್ಲಿನ ಜನರನ್ನು ಕೇಳಿಯೇ ಇದನ್ನು ತೀರ್ಮಾನಿಸಿ. ಅವರು ಒಪ್ಪದಿದ್ದರೆ ಬೇರೆ ಜೋಡಣೆ ಹುಡುಕುವುದು ಆಯೋಗದ ಕೆಲಸ.

3. ಉಡುಪಿ ಜಿಲ್ಲೆಯ ವಿಧಾನಸಭಾ ಸ್ಥಾನ ಐದಕ್ಕಿಂತ ಕಡಿಮೆಯಾಗಕೂಡದು. ಇದು ಸುಮ್ಮನೆ ಹುಟ್ಟಿದ ಭಯವಲ್ಲ. 2008ಕ್ಕೆ ಮೊದಲು ನಮಗೆ ಆರು ಸ್ಥಾನ ಇದ್ದವು. 2001ರ ಗಣತಿಯಂತೆ ಜಿಲ್ಲೆಯ ಜನಸಂಖ್ಯೆ 11,12,243. ರಾಜ್ಯದ ಸರಾಸರಿ ಕ್ಷೇತ್ರಕ್ಕೆ ಸುಮಾರು 2.36 ಲಕ್ಷ, ಹಾಗಾಗಿ ನಮ್ಮ ಪಾಲು 4.7, ಅದು ಐದಾಯಿತು. 2011ರಲ್ಲಿ ನಾವು 11,77,361, ರಾಜ್ಯದ ಸರಾಸರಿ 2.73 ಲಕ್ಷ. ಪಾಲು 4.3ಕ್ಕೆ ಇಳಿಯಿತು. ಅದೇ ಕಟ್ಟುನಿಟ್ಟಿನ ಭಾಗಾಕಾರ ನಡೆದರೆ ಐದನೆಯದೂ ಹೋಗುತ್ತದೆ. ಆ ದಶಕದಲ್ಲಿ ರಾಜ್ಯದ ಜನಸಂಖ್ಯೆ ಶೇ. 15ಕ್ಕೂ ಹೆಚ್ಚು ಬೆಳೆದರೆ ನಮ್ಮದು ಶೇ. 6 ಕೂಡ ಬೆಳೆಯಲಿಲ್ಲ. ಚಿಕ್ಕಮಗಳೂರಿನದ್ದು ಇಳಿದೇಹೋಯಿತು. ಇಲ್ಲಿನ ಹೆಣ್ಣುಮಕ್ಕಳು ಓದಿದರು, ಕುಟುಂಬಗಳು ಚಿಕ್ಕದಾದವು. ಗಂಡಸರು ಮುಂಬೈ, ಬೆಂಗಳೂರು, ಕೊಲ್ಲಿ ದೇಶಗಳಿಗೆ ಹೋಟೆಲು, ಅಂಗಡಿ, ಕಂಪೆನಿ ಎಂದು ಹೋದರು. ಅವರ ಮನೆ, ಮನೆಯಲ್ಲಿರುವ ತಂದೆ ತಾಯಿ, ದುಡಿದು ಕಳಿಸುವ ಹಣ ಇಲ್ಲೇ ಇದೆ. ಸರ್ಕಾರ ಹೇಳಿದಂತೆ ನಡೆದ ಜಿಲ್ಲೆಯಿಂದ ಸ್ಥಾನ ಕಿತ್ತುಕೊಳ್ಳಬೇಡಿ. ಇದೇ ಮಾತು ದೇಶದ ಮಟ್ಟದಲ್ಲಿ ಕರ್ನಾಟಕದ 28 ಸ್ಥಾನಗಳ ಪಾಲಿಗೂ ಅನ್ವಯಿಸುತ್ತದೆ.

4. ಬ್ರಹ್ಮಾವರ ಕ್ಷೇತ್ರ ಮರಳಬೇಕು. 1994ರಲ್ಲಿ ಜನತಾದಳದಿಂದ, 1999 ಮತ್ತು 2004ರಲ್ಲಿ ಪಕ್ಷೇತರರಾಗಿ ಕೆ. ಜಯಪ್ರಕಾಶ ಹೆಗ್ಡೆಯವರನ್ನು ಗೆಲ್ಲಿಸಿದ ಕ್ಷೇತ್ರ ಇದು. ಪಕ್ಷದ ಚಿಹ್ನೆ ಬಿಟ್ಟು ಆಳನ್ನು ನೋಡಿ ಮತ ಹಾಕುವ ಅಭ್ಯಾಸ ಇಲ್ಲಿಯದು. 2013ರಲ್ಲಿ ಪಕ್ಕದ ಕುಂದಾಪುರವೂ ಹಾಲಾಡಿ ಶ್ರೀನಿವಾಸ ಶೆಟ್ಟರನ್ನು ಪಕ್ಷೇತರರಾಗಿ ಗೆಲ್ಲಿಸಿ ಅದನ್ನೇ ಮಾಡಿತು. ಮೇಲಿನ ಲೆಕ್ಕ ಹೇಳಿದ ನಾವೇ ಆರನೆಯದನ್ನು ಕೇಳುವುದು ಸುಲಭವಲ್ಲ ಎಂದು ಬಲ್ಲೆವು. ಆದ್ದರಿಂದ ಹೀಗೆ ಕೇಳುತ್ತೇವೆ: 1978ರಿಂದ ಕದಲದೆ ನಿಂತ 224ರ ಸಂಖ್ಯೆ ಹೆಚ್ಚುವುದಾದರೆ ಕರಾವಳಿಗೆ ಬರುವ ಮೊದಲ ಸ್ಥಾನ ಬ್ರಹ್ಮಾವರದ್ದಾಗಲಿ. ಹೆಚ್ಚದಿದ್ದರೆ, 2018ರಲ್ಲಿ ಹುಟ್ಟಿದ ಬ್ರಹ್ಮಾವರ ತಾಲೂಕನ್ನು ಹರಿದು ಹಂಚುವುದು ನಿಲ್ಲಲಿ. ಈಗ ಬ್ರಹ್ಮಾವರ ಪೇಟೆ ಉಡುಪಿ ಶಾಸಕರಿಗೆ ಸೇರಿದೆ, ಅಲ್ಲಿಂದ ಬಸ್ಸಿನಲ್ಲಿ ಕಾಲು ಗಂಟೆಯ ಸಾಲಿಗ್ರಾಮ, ಕೋಟ ಕುಂದಾಪುರ ಶಾಸಕರಿಗೆ. ತಾಲೂಕು ಕಚೇರಿ ಒಂದು, ಅದನ್ನು ಪ್ರಶ್ನಿಸಬೇಕಾದವರು ಹಲವರು.

5. ಸಂಸದರ ನಿಧಿಯ ಲೆಕ್ಕ. ವರ್ಷಕ್ಕೆ 5 ಕೋಟಿ ರೂಪಾಯಿ, ಎಂಟು ಕ್ಷೇತ್ರಕ್ಕೆ ಹಂಚಿದರೆ ತಲಾ 62.5 ಲಕ್ಷ. ಬೈಂದೂರಿನಲ್ಲಿ 2009ರಿಂದ ಇಲ್ಲಿಯವರೆಗೆ ಯಾವ ವರ್ಷ, ಯಾವ ಊರಿಗೆ, ಎಷ್ಟು ಖರ್ಚಾಗಿದೆ ಎಂಬ ಪಟ್ಟಿಯನ್ನು ಕನ್ನಡದಲ್ಲಿ ಗ್ರಾಮ ಪಂಚಾಯಿತಿಗಳ ಗೋಡೆಗೆ ಅಂಟಿಸಿ. ಪಾಲಿಗಿಂತ ಹೆಚ್ಚು ಬಂದಿದ್ದರೆ ಅದನ್ನು ಸಂತೋಷದಿಂದ ಹೇಳುತ್ತೇವೆ. ಶಿವಮೊಗ್ಗದ ಸಂಸದರು ಬೈಂದೂರಿಗೆ ಏನೂ ಮಾಡಿಲ್ಲ ಎಂಬುದು ನಮ್ಮ ವಾದವಲ್ಲ. ಘಟ್ಟದ ಮೇಲಿನವರೊಡನೆ ನಮಗೆ ಜಗಳವೂ ಇಲ್ಲ. ಕೆಳದಿಯ ಅರಸರ ಕಾಲದಲ್ಲಿ ಬಸ್ರೂರಿನ ಬಂದರು ಅವರದೇ ಆಳ್ವಿಕೆಯಲ್ಲಿತ್ತು. ಇಂದಿಗೂ ವಾರಾಹಿಯ ನೀರು ಹೊಸನಗರದ ಮಾಣಿ ಅಣೆಕಟ್ಟಿನಲ್ಲಿ ನಿಂತು, ಹೊಸಂಗಡಿಯಲ್ಲಿ ವಿದ್ಯುತ್ತಾಗಿ, ನಮ್ಮ ಗದ್ದೆಗೆ ಇಳಿಯಬೇಕು. ಆದರೆ ಏಳು ಮಲೆನಾಡು-ಅರೆಮಲೆನಾಡು ಕ್ಷೇತ್ರಗಳ ನಡುವೆ ಒಂದೇ ಕಡಲ ಕ್ಷೇತ್ರವಿದ್ದರೆ ಅಡಿಕೆಯ ಮಾತು ಮೊದಲು, ಮೀನಿನ ಮಾತು ಆಮೇಲೆ. ಅದು ಸಹಜ. ಆ ಸಹಜವೇ ನಮ್ಮ ತೊಂದರೆ.

6. ಗೆರೆ ಬದಲಾಗುವವರೆಗೆ ಎರಡೂ ಲೋಕಸಭಾ ಕ್ಷೇತ್ರಗಳಿಗೆ ಒಂದೇ ದಿನ ಮತದಾನ ನಡೆಸಿ. ಸಿದ್ದಾಪುರವಿರುವುದು ಕುಂದಾಪುರ ತಾಲೂಕಿನಲ್ಲೇ, ಮತ ಬೈಂದೂರು ಕ್ಷೇತ್ರದಲ್ಲಿ. ಅಣ್ಣನಿಗೆ ಒಂದು ದಿನ, ತಂಗಿಗೆ ಹನ್ನೊಂದು ದಿನ ಬಿಟ್ಟು ಇನ್ನೊಂದು ದಿನ ಎಂದಾದರೆ ಮುಂಬೈನಿಂದ ಮತಕ್ಕೆಂದೇ ರಜೆ ಹಾಕಿ ಬರುವ ಮನೆಯವರು ಯಾವ ದಿನ ನೋಡಿ ಟಿಕೆಟು ಮಾಡಬೇಕು?

7. ಉಡುಪಿ ಜಿಲ್ಲೆಯ ದಿಶಾ (ಜಿಲ್ಲಾ ಅಭಿವೃದ್ಧಿ ಸಮನ್ವಯ ಮತ್ತು ಉಸ್ತುವಾರಿ ಸಮಿತಿ) ಸಭೆಗೆ ಇಬ್ಬರೂ ಸಂಸದರು ಪ್ರತಿ ತ್ರೈಮಾಸಿಕದಲ್ಲಿ ಖುದ್ದು ಬರಬೇಕು. ಗಂಗೊಳ್ಳಿ ಬಂದರು, ಮರವಂತೆಯ ಕಡಲ್ಕೊರೆತ, ಮೂಕಾಂಬಿಕಾ ರೋಡ್ ಬೈಂದೂರು ನಿಲ್ದಾಣ, ವಾರಾಹಿ ಕಾಲುವೆ, ಇವು ಕ್ಷೇತ್ರದ ಗೆರೆ ನೋಡಿ ನಿಲ್ಲುವ ವಿಷಯಗಳಲ್ಲ.

8. ಬೈಂದೂರಿನಲ್ಲಿ ಸಂಸದರ ಕಚೇರಿ ವಾರದ ಎಲ್ಲ ಕೆಲಸದ ದಿನ ತೆರೆದಿರಲಿ.

9. ಪುನರ್ವಿಂಗಡಣೆಯ ಕರಡು ಕನ್ನಡದಲ್ಲಿ, ಗ್ರಾಮವಾರು ನಕ್ಷೆಯೊಂದಿಗೆ ಪ್ರಕಟವಾಗಬೇಕು. ಊರಿನ ಹೆಸರುಗಳು ಊರಿನವರು ಬರೆಯುವಂತೆಯೇ ಇರಬೇಕು. ಸಾರ್ವಜನಿಕ ವಿಚಾರಣೆಯ ಒಂದು ಬೈಠಕ್ಕು ಕುಂದಾಪುರದಲ್ಲಿ ನಡೆಯಬೇಕು. ಬೆಂಗಳೂರಿಗೆ ರಾತ್ರಿ ಬಸ್ಸು ಹಿಡಿದು ಹೋಗಿ ಎರಡು ನಿಮಿಷ ಮಾತಾಡಿ ಬರಲು ಮೀನು ಮಾರುವವರಿಗೆ, ಗೇರುಬೀಜ ಕಾರ್ಖಾನೆಯ ಹೆಂಗಸರಿಗೆ ಆಗುವುದಿಲ್ಲ. ಕಳೆದ ಆಯೋಗದಲ್ಲಿ ರಾಜ್ಯದಿಂದ ಐವರು ಸಂಸದರು, ಐವರು ಶಾಸಕರು ಸಹ ಸದಸ್ಯರಾಗಿ ಕುಳಿತುಕೊಳ್ಳುವ ಏರ್ಪಾಡಿತ್ತು. ಈ ಬಾರಿಯೂ ಹಾಗೇ ಆದರೆ ಅವರಲ್ಲಿ ಒಬ್ಬರಾದರೂ ಕರಾವಳಿಯವರಾಗಿರಲಿ. ಅವರಿಗೆ ಮತದ ಹಕ್ಕು ಇಲ್ಲದಿದ್ದರೂ, ಭಿನ್ನಾಭಿಪ್ರಾಯ ದಾಖಲಿಸುವ ಹಕ್ಕನ್ನು ಬಳಸುವುದಾಗಿ ನಮ್ಮೆದುರು ಮೊದಲೇ ಒಪ್ಪಿಕೊಳ್ಳಲಿ.

10. ಮುಂದಿನ ಚುನಾವಣೆಯಲ್ಲಿ ಬೈಂದೂರು, ಕುಂದಾಪುರ, ಉಡುಪಿಯಲ್ಲಿ ಮತ ಕೇಳಲು ಬರುವ ಪ್ರತಿ ಅಭ್ಯರ್ಥಿ, ಯಾವ ಪಕ್ಷದವರೇ ಆಗಲಿ, ಈ ಪತ್ರದ 1ನೇ ಬೇಡಿಕೆಗೆ ಹೌದು ಅಥವಾ ಇಲ್ಲ ಎಂದು ಲಿಖಿತವಾಗಿ ಉತ್ತರಿಸಬೇಕು. ಉತ್ತರಗಳನ್ನು ಮತದಾನಕ್ಕೆ ಮೊದಲು ಶಿರೂರಿನಿಂದ ಬ್ರಹ್ಮಾವರದವರೆಗೆ ಪ್ರತಿ ಪಂಚಾಯಿತಿಯಲ್ಲಿ ಓದಿ ಹೇಳುತ್ತೇವೆ. ಉತ್ತರ ಕೊಡದವರ ಹೆಸರನ್ನೂ ಓದುತ್ತೇವೆ.